ಊರ್ಧ್ವದಿಕ್ಕಿನ ಮೇರೆ



ಶ್ರಾವಕನ ಹನ್ನೆರಡು ವ್ರತಗಳಲ್ಲಿ ಐದು ಅಣುವ್ರತಗಳ ಹೆಸರನ್ನು ಮನೆಯ ಮಕ್ಕಳೂ ಹೇಳಬಲ್ಲರು. ಅವುಗಳ ಬಳಿಕ ಬರುವ ದಿಗ್ವ್ರತದ ಮಾತೆತ್ತಿದೊಡನೆ ಹಿರಿಯರ ನಾಲಗೆಯೂ ತಡವರಿಸುತ್ತದೆ. ದಿಕ್ಕುಗಳಿಗೆ ಮೇರೆಯನ್ನು ಗೊತ್ತುಪಡಿಸಿಕೊಂಡು, ಅದರಾಚೆಗೆ ಜೀವವಿರುವವರೆಗೂ ಹೋಗೆನೆಂದು ನಿಯಮಿಸಿಕೊಳ್ಳುವುದೇ ದಿಗ್ವ್ರತ. ದಿಕ್ಕುಗಳು ಹತ್ತು. ಪೂರ್ವಕ್ಕೆ ಇಂಥ ಸಮುದ್ರ, ಉತ್ತರಕ್ಕೆ ಇಂಥ ನದಿ ಎಂದು ಎಂಟು ದಿಕ್ಕುಗಳಿಗೆ ಮೇರೆ ಹೇಳುವಾಗ ಶ್ರಾವಕನಿಗೆ ಕಷ್ಟವಾಗುವುದಿಲ್ಲ. ಕೆಳದಿಕ್ಕಿಗೆ ಬಾವಿಯ ಆಳವನ್ನೋ ಗಣಿಯ ಆಳವನ್ನೋ ನೆನೆದು ಒಂದು ಅಳತೆ ಹೇಳುತ್ತಾನೆ. ಹತ್ತನೆಯದಾದ ಊರ್ಧ್ವದಿಕ್ಕಿಗೆ ಬಂದಾಗ ಮಾತ್ರ, ‘ಮೇಲಕ್ಕೆ ನಾನೆಲ್ಲಿ ಹೋಗುತ್ತೇನೆ’ ಎಂದು ನಕ್ಕು ಸುಮ್ಮನಾಗುತ್ತಾನೆ. ಹೀಗೆ ನಕ್ಕು ಬಿಟ್ಟ ದಿಕ್ಕಿನಲ್ಲಿಯೇ ಇಂದು ವ್ರತವು ಹೆಚ್ಚಾಗಿ ಸೋರುತ್ತಿದೆ.

ಆಚಾರ್ಯರು ಈ ದಿಕ್ಕನ್ನು ಮರೆತಿಲ್ಲ. ಉಮಾಸ್ವಾಮಿಗಳು ತತ್ತ್ವಾರ್ಥಸೂತ್ರದಲ್ಲಿ ದಿಗ್ವ್ರತದ ಐದು ಅತಿಚಾರಗಳನ್ನು ಹೇಳುವಾಗ ಮೊದಲಿಗೆ ಇಟ್ಟಿರುವುದು ಊರ್ಧ್ವವ್ಯತಿಕ್ರಮವನ್ನು. ಅದಕ್ಕೆ ಸರ್ವಾರ್ಥಸಿದ್ಧಿಯಲ್ಲಿ ಪೂಜ್ಯಪಾದರು ಕೊಡುವ ದೃಷ್ಟಾಂತ ಪರ್ವತವನ್ನು ಏರುವುದು. ಅಧೋವ್ಯತಿಕ್ರಮಕ್ಕೆ ಬಾವಿಯಲ್ಲಿ ಇಳಿಯುವುದು. ಇನ್ನೊಂದು ಕಡೆ ಸಮಂತಭದ್ರಸ್ವಾಮಿಗಳು ರತ್ನಕರಂಡಕ ಶ್ರಾವಕಾಚಾರದಲ್ಲಿ ಮೇರೆಯಾಗಿ ಇಟ್ಟುಕೊಳ್ಳತಕ್ಕ ಪ್ರಸಿದ್ಧವಾದ ಗುರುತುಗಳನ್ನು ಹೇಳುತ್ತ ಸಮುದ್ರ, ನದಿ, ಕಾಡುಗಳ ಜೊತೆಗೆ ಗಿರಿಯನ್ನೂ ಸೇರಿಸಿದ್ದಾರೆ. ಒಬ್ಬ ಆಚಾರ್ಯರಲ್ಲಿ ಬೆಟ್ಟವು ವ್ರತದ ಎಲ್ಲೆ, ಇನ್ನೊಬ್ಬರಲ್ಲಿ ಅದೇ ಬೆಟ್ಟ ವ್ರತ ಮೀರುವ ಎಡೆ. ಎರಡೂ ನಿಜವೇ. ಬೆಟ್ಟದ ಮುಂದೆ ನಿಂತವನ ಮನಸ್ಸು ಯಾವುದೆಂಬುದರ ಮೇಲೆ ಅದು ನಿಂತಿದೆ.

ಭಾರತದಂಥ ವಿಶಾಲ ದೇಶದಲ್ಲಿ ಬೆಟ್ಟಗಳಿಗೆ ಕೊರತೆಯೇ? ಸಿಕ್ಕಿಂ ಮತ್ತು ನೇಪಾಳಗಳ ಗಡಿಯಲ್ಲಿ ಕಾಂಚನಜುಂಗಾ 8,586 ಮೀಟರ್ ಎತ್ತರಕ್ಕೆ ನಿಂತಿದೆ. ಪೂರ್ತಿಯಾಗಿ ದೇಶದೊಳಗೇ ಇರುವ ನಂದಾದೇವಿಯ ಎತ್ತರ 7,816 ಮೀಟರ್. ದಕ್ಷಿಣಕ್ಕೆ ಬಂದರೆ ಕೇರಳದ ಆನೆಮುಡಿ 2,695 ಮೀಟರ್, ನೀಲಗಿರಿಯ ದೊಡ್ಡಬೆಟ್ಟ 2,637 ಮೀಟರ್. ಕರ್ನಾಟಕದ ಮುಳ್ಳಯ್ಯನಗಿರಿ ಸುಮಾರು 1,930, ಅರಾವಳಿಯ ಗುರುಶಿಖರ 1,722, ಸಹ್ಯಾದ್ರಿಯ ಕಳಸೂಬಾಯಿ 1,646 ಮೀಟರ್. ಈ ಸಾಲಿನಲ್ಲಿ ಸಮ್ಮೇದಶಿಖರವನ್ನು ಇಟ್ಟು ನೋಡಿರಿ. ಝಾರ್ಖಂಡದಲ್ಲಿ ಅದಕ್ಕಿಂತ ಎತ್ತರದ ಬೆಟ್ಟವಿಲ್ಲ, ನಿಜ. ಆದರೂ ಅದರ ಎತ್ತರ 1,365 ಮೀಟರ್ ಮಾತ್ರ. ಇಪ್ಪತ್ತು ತೀರ್ಥಂಕರರು ಮುಕ್ತಿಗೆ ಸಂದ ಶಿಖರವು ಹಿಮಾಲಯದ ಯಾವುದೋ ಹೆಸರಿಲ್ಲದ ದಿಬ್ಬಕ್ಕಿಂತ ತಗ್ಗು. ಆದಿನಾಥಸ್ವಾಮಿಯ ಕೈಲಾಸವೊಂದು ಬೇರೆ ಮಾತು. ಟಿಬೆಟ್ಟಿನಲ್ಲಿರುವ ಆ ಪರ್ವತ 6,638 ಮೀಟರ್ ಎತ್ತರವಿದ್ದು, ಅದರ ನೆತ್ತಿಯನ್ನು ಯಾರೂ ಏರಿಲ್ಲ. ಇನ್ನು ವಾಸುಪೂಜ್ಯಸ್ವಾಮಿಗೆ ಚಂಪಾಪುರಿ, ವರ್ಧಮಾನಸ್ವಾಮಿಗೆ ಪಾವಾಪುರಿ. ಮೋಕ್ಷಕ್ಕೂ ಮೀಟರುಗಳಿಗೂ ನಂಟಿಲ್ಲವೆಂಬುದಕ್ಕೆ ಬೇರೆ ಸಾಕ್ಷಿ ಬೇಡ.

ಹಾಗಾದರೆ ಊರ್ಧ್ವದಿಕ್ಕಿಗೆ ಮೇರೆ ಏಕೆ ಬೇಕು? ಗೃಹಸ್ಥನು ಎಲ್ಲಿಯವರೆಗೆ ಹೋಗಬಲ್ಲನೋ ಅಲ್ಲಿಯವರೆಗೆ ಅವನ ಆಸೆಯೂ ಆರಂಭವೂ ಹೋಗುತ್ತವೆ. ಅವನ ಕಾಲಿನೊಡನೆ ಹೊರೆಯಾಳಿನ ಕಾಲು, ವಾಹನದ ಚಕ್ರ, ಅಡಿಗೆಯ ಬೆಂಕಿ ಎಲ್ಲವೂ ಮೇಲೇರುತ್ತವೆ. ಮೇರೆಯನ್ನು ಇಟ್ಟುಕೊಂಡವನಿಂದ ಅದರಾಚೆಯ ನೆಲದಲ್ಲಿ ಸ್ಥೂಲಹಿಂಸೆಯೂ ಇಲ್ಲ, ಸೂಕ್ಷ್ಮಹಿಂಸೆಯೂ ಇಲ್ಲ. ಆದುದರಿಂದಲೇ ಆ ಭಾಗದ ಮಟ್ಟಿಗೆ ಅವನ ಅಣುವ್ರತಗಳು ಮಹಾವ್ರತಗಳ ಸ್ವರೂಪವನ್ನು ಹೊಂದುತ್ತವೆ ಎಂದು ಆಚಾರ್ಯರು ಹೇಳಿದರು. ಯೋಚಿಸಿ ನೋಡಿರಿ: ಅಂಗಡಿಯಲ್ಲಿ ಕುಳಿತು ಬೆಲ್ಲ ತೂಗುವ ಶ್ರಾವಕನು ತಾನು ಎಂದಿಗೂ ಹೋಗದ ನಂದಾದೇವಿಯ ವಿಷಯದಲ್ಲಿ ಮಹಾವ್ರತಿಯಂತೆ ಇರಬಲ್ಲನು. ಆದರೆ ಹೋಗದೆ ಇದ್ದ ಮಾತ್ರಕ್ಕೆ ಅದು ದೊರೆಯುವುದಿಲ್ಲ. ‘ಹೋಗೆನು’ ಎಂದು ಹೇಳಿರಬೇಕು.

ಇಲ್ಲಿ ಒಂದು ಲೋಕವ್ಯವಹಾರದ ಉದಾಹರಣೆ. ಕರ್ನಾಟಕದ ಒಬ್ಬ ಶ್ರಾವಕನು ಗುರುಸನ್ನಿಧಿಯಲ್ಲಿ ದಿಗ್ವ್ರತ ಸ್ವೀಕರಿಸಿ, ಊರ್ಧ್ವದಿಕ್ಕಿಗೆ ಮುಳ್ಳಯ್ಯನಗಿರಿಯ ಎತ್ತರವೇ ತನ್ನ ಮೇರೆ ಎಂದನೆನ್ನಿ. ಮುಂದೆ ಬಂಧುಗಳ ಮದುವೆಯ ನಿಮಿತ್ತ ಉದಕಮಂಡಲಕ್ಕೆ ಹೋದನು. ಅಲ್ಲಿ ದೊಡ್ಡಬೆಟ್ಟದ ತುದಿಯವರೆಗೆ ವಾಹನದ ರಸ್ತೆಯಿದೆ. ‘ನಾನು ಬೆಟ್ಟ ಹತ್ತುವವನಲ್ಲ, ವ್ರತವಿದೆ’ ಎಂದು ಅವನು ಪಟ್ಟಣದಲ್ಲಿಯೇ ಉಳಿದನು. ನೆಂಟರು ಮೆಚ್ಚಿದರು. ಆದರೆ ಉದಕಮಂಡಲದ ಪಟ್ಟಣವೇ ಸುಮಾರು 2,240 ಮೀಟರ್ ಎತ್ತರದಲ್ಲಿದೆ! ಬಸ್ಸಿನಲ್ಲಿ ಕುಳಿತು ತೂಕಡಿಸುತ್ತಿರುವಾಗಲೇ ಅವನು ಮೇರೆಯನ್ನು ದಾಟಿಯಾಗಿತ್ತು. ಮೇರೆ ಮೀರುವುದು ಪ್ರಮಾದದಿಂದಲೋ ಮೋಹದಿಂದಲೋ ಬೇರೊಂದು ವಿಷಯದಲ್ಲಿ ಮನಸ್ಸು ತೊಡಗಿದ್ದರಿಂದಲೋ ಆದರೆ ಅದು ಅತಿಚಾರ, ಪ್ರಾಯಶ್ಚಿತ್ತಕ್ಕೆ ದಾರಿಯುಂಟು. ತಿಳಿದೂ ತಿಳಿದೂ ಮೀರಿದರೆ ಅದು ವ್ರತಭಂಗ. ಈ ಶ್ರಾವಕನದು ಅತಿಚಾರವೇ. ಅಳತೆಯನ್ನು ಮೀಟರುಗಳಲ್ಲಿ ಹೇಳುವವರು ಸಮುದ್ರಮಟ್ಟದಿಂದಲೋ ತಮ್ಮ ಮನೆಯ ನೆಲದಿಂದಲೋ ಎಂಬುದನ್ನು ಅಂದೇ ತೀರ್ಮಾನಿಸಿಕೊಳ್ಳಬೇಕಾದುದು ಇದಕ್ಕಾಗಿಯೇ.

ವಿಮಾನದ ಮಾತು ಇನ್ನೂ ಸೂಕ್ಷ್ಮವಾದದ್ದು. ಈಗ ಅನೇಕ ಕುಟುಂಬಗಳು ಬೆಂಗಳೂರಿನಿಂದ ರಾಂಚಿಯವರೆಗೆ ವಿಮಾನದಲ್ಲಿ ಹೋಗಿ, ಅಲ್ಲಿಂದ ವಾಹನದಲ್ಲಿ ಮಧುಬನವನ್ನು ಸೇರುತ್ತವೆ. ವಿಮಾನವು ಹತ್ತು ಸಾವಿರ ಮೀಟರಿನ ಆಸುಪಾಸಿನಲ್ಲಿ ಹಾರುತ್ತದೆ. ಅದು ಕಾಂಚನಜುಂಗಾದ ನೆತ್ತಿಗಿಂತಲೂ ಮೇಲೆ. ಸಮ್ಮೇದಶಿಖರದ ಮಣ್ಣನ್ನು ಮುಟ್ಟುವ ಮೊದಲೇ ಊರ್ಧ್ವದಿಕ್ಕಿನ ವ್ರತವು ಆಕಾಶದಲ್ಲಿ ಮುರಿದಿರುತ್ತದೆ. ಹಾಗೆಂದು ವಿಮಾನವೇ ಪಾಪವೆಂದು ಕೂಗುವುದೂ ಸಲ್ಲದು. ಮುದಿ ತಂದೆತಾಯಿಗಳಿಗೆ ರೈಲಿನ ಎರಡು ದಿನಗಳ ಪ್ರಯಾಣ ಭಾರವಾದೀತು. ವ್ರತವನ್ನು ಸ್ವೀಕರಿಸುವ ದಿನವೇ ಇದನ್ನೆಲ್ಲ ಗುರುಗಳಲ್ಲಿ ಬಿಡಿಸಿ ಕೇಳಿ, ಎಷ್ಟು ಬೇಕೋ ಅಷ್ಟನ್ನು ಮೇರೆಯೊಳಗೆ ಇಟ್ಟುಕೊಳ್ಳಬೇಕು. ಇಟ್ಟುಕೊಂಡ ಮೇಲೆ, ‘ದಕ್ಷಿಣಕ್ಕೆ ಹೋಗುವುದಿಲ್ಲವಲ್ಲ, ಅದರ ಬದಲು ಮೇಲಕ್ಕೆ ಸ್ವಲ್ಪ ಸೇರಿಸೋಣ’ ಎಂದು ಒಂದು ದಿಕ್ಕಿನಿಂದ ಕಿತ್ತು ಇನ್ನೊಂದಕ್ಕೆ ಹೊಲಿಯತಕ್ಕದ್ದಲ್ಲ. ಅದಕ್ಕೆ ಕ್ಷೇತ್ರವೃದ್ಧಿಯೆಂದು ಹೆಸರು. ಇಟ್ಟ ಮೇರೆಯನ್ನೇ ಮರೆತುಬಿಡುವುದು ಸ್ಮೃತ್ಯಂತರಾಧಾನ. ಈ ಕಾಲದ ಶ್ರಾವಕರಿಗೆ ಇದೇ ಹೆಚ್ಚು ಒಗ್ಗಿದಂತೆ ಕಾಣುತ್ತದೆ.

ಏರಬಲ್ಲವನು ಏರದೆ ನಿಂತ ಒಂದು ಸಂಗತಿ ಜೈನೇತರರ ಚರಿತ್ರೆಯಲ್ಲಿದೆ. 1955ರಲ್ಲಿ ಚಾರ್ಲ್ಸ್ ಇವಾನ್ಸ್ ಎಂಬವರ ನೇತೃತ್ವದಲ್ಲಿ ಇಂಗ್ಲೆಂಡಿನ ಒಂದು ತಂಡ ನೇಪಾಳದ ಕಡೆಯಿಂದ ಕಾಂಚನಜುಂಗಾವನ್ನು ಏರಿತು. ಸಿಕ್ಕಿಂನ ಜನರಿಗೆ ಆ ಪರ್ವತವು ಪೂಜ್ಯ. ಅದರ ನೆತ್ತಿಯನ್ನು ತುಳಿಯುವುದಿಲ್ಲವೆಂದು ತಂಡವು ಮಾತು ಕೊಟ್ಟಿತ್ತು. ಮೇ 25ರಂದು ಜಾರ್ಜ್ ಬ್ಯಾಂಡ್ ಮತ್ತು ಜೋ ಬ್ರೌನ್ ಎಂಬಿಬ್ಬರು ತುದಿಗೆ ಕೆಲವೇ ಅಡಿಗಳ ಕೆಳಗೆ ಬಂದು ನಿಂತರು. ಅಷ್ಟು ವರ್ಷ ಯಾರಿಗೂ ದಕ್ಕದ ಶಿಖರ ಕೈಗೆಟಕುವಷ್ಟು ಹತ್ತಿರವಿತ್ತು. ತಡೆಯುವವರು ಅಲ್ಲಿ ಯಾರೂ ಇರಲಿಲ್ಲ. ಅವರು ಅಲ್ಲಿಂದಲೇ ಹಿಂದಿರುಗಿದರು. ಮರುದಿನ ಬಂದ ಇನ್ನಿಬ್ಬರೂ ಹಾಗೆಯೇ ಮಾಡಿದರು. ಮುಂದೆ 2001ರಲ್ಲಿ ಸಿಕ್ಕಿಂ ಸರಕಾರವು ತನ್ನ ಕಡೆಯಿಂದ ಆ ಪರ್ವತವನ್ನು ಏರುವುದನ್ನೇ ನಿಷೇಧಿಸಿತು.

ಇದನ್ನು ದಿಗ್ವ್ರತವೆಂದು ಕರೆಯಲಾಗದು. ಅವರಿಗೆ ಸಮ್ಯಕ್ತ್ವದ ಅರಿವಿಲ್ಲ, ಹಿಂಸಾವಿರತಿಯ ಸಂಕಲ್ಪವಿಲ್ಲ. ಎಂಟೂವರೆ ಸಾವಿರ ಮೀಟರ್ ಏರಿ ಕೊನೆಯ ಕೆಲವು ಅಡಿಗಳನ್ನು ಬಿಟ್ಟವರು ಅವರು. ಆದರೂ ಕೊಟ್ಟ ಮಾತಿನ ಎಲ್ಲೆಯನ್ನು ನೆನಪಿಟ್ಟುಕೊಂಡು, ಉಸಿರು ಸಿಕ್ಕದ ಆ ಎತ್ತರದಲ್ಲಿ, ಆಸೆ ಅತ್ಯಂತ ಪ್ರಬಲವಾದ ಗಳಿಗೆಯಲ್ಲಿ ನಿಂತರಲ್ಲ! ಪಂಚಪರಮೇಷ್ಠಿಗಳ ಸಾಕ್ಷಿಯಾಗಿ ವ್ರತ ಹಿಡಿದು, ಮನೆಯ ಬಾಗಿಲಲ್ಲಿಯೇ ಮರೆಯುವ ಶ್ರಾವಕನು ಈ ಸಂಗತಿಯನ್ನು ಕೇಳಿ ಸ್ವಲ್ಪ ನಾಚಿದರೆ ತಪ್ಪಿಲ್ಲ.

ತುದಿಯವರೆಗೂ ಹೋಗಿ ತನ್ನ ಗುರುತನ್ನು ಬಿಟ್ಟುಬರುವ ಚಪಲ ಬಹಳ ಹಳೆಯದು. ಜಿನಸೇನಾಚಾರ್ಯರ ಮಹಾಪುರಾಣವನ್ನು ಓದಿದವರಿಗೆ, ಕನ್ನಡದಲ್ಲಿ ಪಂಪನ ಆದಿಪುರಾಣವನ್ನು ಕೇಳಿದವರಿಗೆ, ವೃಷಭಾಚಲದ ಪ್ರಸಂಗ ತಿಳಿದೇ ಇದೆ. ಷಟ್ಖಂಡವನ್ನು ಗೆದ್ದ ಭರತೇಶ್ವರನು ಕಾಕಿಣೀರತ್ನವನ್ನು ಹಿಡಿದು ತನ್ನ ಪ್ರಶಸ್ತಿಯನ್ನು ಕೊರೆಯಲು ಆ ಪರ್ವತದ ಬಳಿಗೆ ಹೋದನು. ತನ್ನಂಥವನು ಹಿಂದೆ ಇಲ್ಲವೆಂದು ತಿಳಿದಿದ್ದ ಅರಸನಿಗೆ ಕಂಡದ್ದು ಆಗಿಹೋದ ಅಸಂಖ್ಯಾತ ಚಕ್ರವರ್ತಿಗಳ ಹೆಸರುಗಳಿಂದ ತುಂಬಿದ ಬಂಡೆ. ತನ್ನ ಹೆಸರಿಗೆ ಅಂಗೈಯಗಲ ತೆರವಿಲ್ಲ! ಗರ್ವವು ಇಳಿಯಿತು. ಆದರೂ ಅವನು ಹಿಂದಿರುಗಲಿಲ್ಲ. ಯಾರದೋ ಒಂದು ಹೆಸರನ್ನು ತನ್ನ ಕೈಯಿಂದಲೇ ಅಳಿಸಿ ಅಲ್ಲಿ ತನ್ನದನ್ನು ಬರೆದನು. ಗರ್ವ ಇಳಿದ ಮೇಲೂ ಕೈ ನಿಲ್ಲದೆ ಹೋಯಿತೆಂಬುದು ಈ ಪ್ರಸಂಗದಲ್ಲಿ ಅತ್ಯಂತ ಮನನೀಯವಾದ ಅಂಶ. ಬಾಹುಬಲಿಯ ಎದುರು ಚಕ್ರವನ್ನು ಪ್ರಯೋಗಿಸಿದ ಕೈಯೂ ಇದೇ. ಕ್ಷೇತ್ರಗಳ ಬಂಡೆಗಳ ಮೇಲೆ ಇದ್ದಿಲಿನಿಂದಲೂ ಬಣ್ಣದಿಂದಲೂ ತಮ್ಮ ಹೆಸರು, ಊರು ಬರೆದುಬರುವ ಯಾತ್ರಿಕರಿಗೆ ಭರತೇಶ್ವರನ ಸಂಪತ್ತಿನಲ್ಲಿ ಪಾಲಿಲ್ಲದಿದ್ದರೂ ಅವನ ಆ ಗಳಿಗೆಯ ಮೋಹದಲ್ಲಿ ಮಾತ್ರ ಪೂರ್ಣ ಪಾಲುಂಟು.

ಬರೆಯುವುದಕ್ಕೇ ಆದರೆ ಹೇಗೆ ಬರೆಯಬೇಕೆಂಬುದನ್ನು ಇನ್ನೊಂದು ಬೆಟ್ಟ ಕಲಿಸಿತು. ಸೌರಾಷ್ಟ್ರದ ಗಿರನಾರವು ನೇಮಿನಾಥಸ್ವಾಮಿಯ ಊರ್ಜಯಂತ. ಮದುವೆಯ ದಿಬ್ಬಣದ ದಾರಿಯಲ್ಲಿ ಕಟ್ಟಿಹಾಕಿದ ಮೃಗಗಳ ಮೊರೆಯನ್ನು ಕೇಳಿ ರಥವನ್ನು ಹಿಂದಿರುಗಿಸಿದ ಸ್ವಾಮಿಯು ಅಲ್ಲಿ ತಪಸ್ಸಿಗೆ ನಿಂತು, ಅಲ್ಲಿಯೇ ಮುಕ್ತನಾದನು. ಅದೇ ಗಿರಿಯ ಚಂದ್ರಗುಹೆಯಲ್ಲಿ ಶತಮಾನಗಳ ಬಳಿಕ ಧರಸೇನಾಚಾರ್ಯರಿದ್ದರು. ತಮ್ಮ ನಂತರ ಶ್ರುತಜ್ಞಾನವು ಲೋಪವಾದೀತೆಂದು ಬಗೆದು ಅವರು ದಕ್ಷಿಣಾಪಥದ ಮುನಿಸಂಘಕ್ಕೆ ಪತ್ರ ಕಳುಹಿಸಿದರು. ಅಲ್ಲಿಂದ ಇಬ್ಬರು ಮುನಿಗಳು ಬಂದರು. ಆಚಾರ್ಯರು ಅವರಿಗೆ ತಕ್ಷಣವೇ ಪಾಠ ಹೇಳಲಿಲ್ಲ. ಒಬ್ಬೊಬ್ಬರಿಗೂ ಒಂದೊಂದು ವಿದ್ಯೆಯನ್ನು ಕೊಟ್ಟು, ಎರಡು ಉಪವಾಸಗಳೊಡನೆ ಸಾಧಿಸಿ ಬರುವಂತೆ ಹೇಳಿದರು. ಒಂದರಲ್ಲಿ ಒಂದು ಅಕ್ಷರ ಹೆಚ್ಚು, ಇನ್ನೊಂದರಲ್ಲಿ ಒಂದು ಅಕ್ಷರ ಕಡಿಮೆ. ಅದನ್ನು ಅವರಿಗೆ ತಿಳಿಸಿರಲಿಲ್ಲ.

ಉಪವಾಸದಲ್ಲಿದ್ದು ಸಾಧಿಸಿದಾಗ ಒಬ್ಬರಿಗೆ ಹಲ್ಲು ಮುಂಚಾಚಿದ ದೇವತೆ ಕಾಣಿಸಿಕೊಂಡಳು, ಇನ್ನೊಬ್ಬರಿಗೆ ಒಕ್ಕಣ್ಣಿನವಳು. ಸಾಮಾನ್ಯ ಸಾಧಕರಾಗಿದ್ದರೆ ದೇವತೆ ಬಂದಳೆಂದೇ ಹಿಗ್ಗಿ ಗುರುಗಳ ಬಳಿಗೆ ಓಡುತ್ತಿದ್ದರು. ಈ ಮುನಿಗಳು, ದೇವತೆಗಳ ರೂಪ ಹೀಗಿರದು, ದೋಷವು ಮಂತ್ರದಲ್ಲಿರಬೇಕೆಂದು ತರ್ಕಿಸಿದರು. ಮಂತ್ರಶಾಸ್ತ್ರದ ಕ್ರಮದಿಂದ ಹೆಚ್ಚಿನ ಅಕ್ಷರವನ್ನು ತೆಗೆದು, ಇಲ್ಲದ ಅಕ್ಷರವನ್ನು ಸೇರಿಸಿ, ಮತ್ತೆ ಜಪಿಸಿದರು. ದೇವತೆಗಳು ಸಹಜರೂಪದಲ್ಲಿ ತೋರಿದರು. ಆಗ ಆಚಾರ್ಯರು ಶುಭತಿಥಿಯಲ್ಲಿ ಆಗಮವನ್ನು ಉಪದೇಶಿಸಿದರು. ಆ ಇಬ್ಬರೇ ಪುಷ್ಪದಂತರು ಮತ್ತು ಭೂತಬಲಿಗಳು. ಅವರಿಂದ ಷಟ್ಖಂಡಾಗಮವು ಗ್ರಂಥರೂಪಕ್ಕೆ ಬಂದಿತು. ಜ್ಯೇಷ್ಠ ಶುಕ್ಲ ಪಂಚಮಿಯಂದು ಮನೆಮನೆಯಲ್ಲಿ ಶ್ರುತಪೂಜೆ ನಡೆಯುವುದು ಅದರ ಸ್ಮರಣೆಗಾಗಿ. ವೀರಸೇನಾಚಾರ್ಯರ ಧವಲಾ ಟೀಕೆಯು ಈ ವೃತ್ತಾಂತವನ್ನು ತಿಳಿಸುತ್ತದೆ. ಆ ಆಗಮವನ್ನು ಶತಮಾನಗಳ ಕಾಲ ತಾಳೆಯೋಲೆಯಲ್ಲಿ ಕಾಪಾಡಿದ್ದು ನಮ್ಮ ಮೂಡಬಿದಿರೆಯ ಸಿದ್ಧಾಂತ ಬಸದಿ.

ಒಂದು ಅಕ್ಷರ ಹೆಚ್ಚಾದರೂ ದೇವತೆ ವಿಕಾರ, ಒಂದು ಕಡಿಮೆಯಾದರೂ ವಿಕಾರ. ವ್ರತದ ಅಳತೆಯೂ ಅಂಥದೇ. ಉಪವಾಸದ ದಿನ ಪಾರಣೆಯ ಹೊತ್ತನ್ನು ಗಳಿಗೆಯ ಲೆಕ್ಕದಲ್ಲಿ ಕಾಯುವ ಮನೆಗಳು ದಿಕ್ಕಿನ ಅಳತೆಗೆ ಬಂದಾಗ ‘ಸುಮಾರಾಗಿ’ ಎನ್ನುವುದು ಏಕೋ ತಿಳಿಯದು. ಗಿರನಾರದಲ್ಲಿ ಈಗ 2020ರಿಂದ ಅಂಬಾಜಿಯವರೆಗೆ ಹಗ್ಗದ ತೊಟ್ಟಿಲ ದಾರಿಯಾಗಿದೆ. ಅಲ್ಲಿಂದ ಐದನೆಯ ಟೋಂಕಿಗೆ ಕಾಲುನಡಿಗೆಯೇ ಗತಿ. ಅಶಕ್ತರಿಗೆ ಅದು ಅನುಕೂಲ. ಶಕ್ತರು ತಮ್ಮ ಶಕ್ತಿಯನ್ನು ಮರೆಮಾಚದಿದ್ದರೆ ಸಾಕು.

ಇನ್ನು ಸಮ್ಮೇದಶಿಖರದ ಮಾತು. ಮಧುಬನದಿಂದ ಏರು ಒಂಬತ್ತು ಕಿಲೋಮೀಟರ್, ಮೇಲೆ ಟೋಂಕುಗಳ ವಂದನೆಗೆ ಒಂಬತ್ತು, ಇಳಿಯಲು ಒಂಬತ್ತು; ಒಟ್ಟು ಇಪ್ಪತ್ತೇಳು. ಅನೇಕರು ಬರಿಗಾಲಿನಲ್ಲಿ, ಅನ್ನವನ್ನೂ ನೀರನ್ನೂ ಮುಟ್ಟದೆ ಇದನ್ನು ಪೂರೈಸುತ್ತಾರೆ. ಎಂದೂ ಒಂದು ಹೊತ್ತು ತಪ್ಪಿಸದ ವೃದ್ಧೆಯರು ಪಾರ್ಶ್ವನಾಥಸ್ವಾಮಿಯ ಸುವರ್ಣಭದ್ರ ಕೂಟದವರೆಗೆ ನಡೆದುಬಿಡುವುದನ್ನು ಕಂಡವರು ದೇಹದ ವಿಷಯದಲ್ಲಿ ತಮ್ಮ ಅಭಿಪ್ರಾಯವನ್ನು ಬದಲಿಸಿಕೊಳ್ಳುತ್ತಾರೆ. ಆದರೆ ಒಂದು ಸಂಗತಿ ವಿಚಾರಣೀಯ. ಬಿಸಿಲೇರುವ ಮೊದಲು ಹತ್ತಬೇಕೆಂದು ಯಾತ್ರಿಕರು ರಾತ್ರಿ ಎರಡು, ಮೂರು ಗಂಟೆಗೇ ಹೊರಡುತ್ತಾರೆ. ಕೈಯಲ್ಲಿ ಟಾರ್ಚ್ ಇದ್ದರೂ ಕಾಲಡಿಯ ಇರುವೆ, ಹುಳು ಕಾಣುವುದೆಷ್ಟು? ಮುನಿಗಳು ಕತ್ತಲಲ್ಲಿ ನಡೆಯುವುದಿಲ್ಲ; ಈರ್ಯಾಸಮಿತಿಗೆ ಹಗಲ ಬೆಳಕು ಬೇಕು. ಗೃಹಸ್ಥನಿಗೆ ಅಷ್ಟು ಕಟ್ಟಿಲ್ಲವೆಂಬುದು ಸರಿ. ಆದರೆ ಜೀವದಯೆಗಾಗಿ ಉಪವಾಸವಿದ್ದು ಅದೇ ಹೊತ್ತಿನಲ್ಲಿ ಜೀವಗಳ ಮೇಲೆ ನಡೆಯುವುದು ಹೇಗೆ ಹೊಂದೀತು? ಶರೀರ ತಾಳುವವರು ಬೆಳಕು ಹರಿದ ಮೇಲೆ ಹೊರಟು, ಬಿಸಿಲನ್ನೂ ತಪಸ್ಸಿನ ಭಾಗವಾಗಿಯೇ ಸಹಿಸಬಹುದು. ಡೋಲಿಯಲ್ಲಿ ಹೋಗುವ ಹಿರಿಯರು ಹೊರುವವರಿಗೆ ನಡುವೆ ವಿಶ್ರಾಂತಿಯನ್ನೂ ಒಪ್ಪಿದ ಕೂಲಿಯನ್ನು ಚೌಕಾಸಿಯಿಲ್ಲದೆಯೂ ಕೊಡಬೇಕು. ಉಪವಾಸವಿರುವುದು ಡೋಲಿಯೊಳಗಿನವರು, ಹೊತ್ತವರಲ್ಲ.

ಈ ಶಿಖರಕ್ಕಾಗಿ ಇತ್ತೀಚೆಗೆ ದೇಶದ ಜೈನರೆಲ್ಲರೂ ಕಳವಳಗೊಂಡ ಕಾಲವೂ ಬಂದಿತು. 2019ರ ಆಗಸ್ಟಿನಲ್ಲಿ ಕೇಂದ್ರ ಸರಕಾರವು ಹೊರಡಿಸಿದ ಅಧಿಸೂಚನೆಯಲ್ಲಿ ಪಾರಸನಾಥ ವನ್ಯಧಾಮದ ಸುತ್ತ ಪ್ರವಾಸೋದ್ಯಮಕ್ಕೆ ಎಡೆಯಿತ್ತು. ತೀರ್ಥವು ವಿಹಾರಸ್ಥಳವಾದೀತೆಂಬ ಭಯದಿಂದ 2022ರ ಕೊನೆಯಲ್ಲಿ ಊರೂರುಗಳಲ್ಲಿ ಮೆರವಣಿಗೆಗಳಾದವು. ಇದಕ್ಕಾಗಿ ಜಯಪುರದಲ್ಲಿ ಅನಶನ ಕೈಗೊಂಡಿದ್ದ ಮುನಿಶ್ರೀ ಸುಜ್ಞೇಯಸಾಗರರು 2023ರ ಜನವರಿ 3ರಂದು ದೇಹತ್ಯಾಗ ಮಾಡಿದರು. ಜನವರಿ 5ರಂದು ಕೇಂದ್ರವು ಪ್ರವಾಸೋದ್ಯಮದ ಅಂಶಗಳನ್ನು ತಡೆಹಿಡಿದು, ಮದ್ಯಮಾಂಸಗಳ ಮತ್ತು ಗದ್ದಲದ ನಿಷೇಧವನ್ನು ಬಿಗಿಯಾಗಿ ಪಾಲಿಸುವಂತೆ ಆದೇಶಿಸಿತು. ಅದೇ ಪರ್ವತವನ್ನು ಸಂತಾಲ ಜನರು ಮರಾಂಗ್ ಬುರು ಎಂದು ಪೂಜಿಸುತ್ತಾರೆಂಬುದನ್ನೂ ಜೈನರು ಮರೆಯಬಾರದು. ಅವರೊಡನೆ ಮಾತಿನಲ್ಲಿಯೂ ಅಹಿಂಸೆ ಇರತಕ್ಕದ್ದು. ಸರಕಾರವು ಬೆಟ್ಟದ ಸುತ್ತ ಮೇರೆ ಹಾಕಬಲ್ಲದು. ಬೆಟ್ಟಕ್ಕೆ ಬರುವ ಜೈನಯಾತ್ರಿಕನು ಚೀಲದಲ್ಲಿ ಕುರುಕಲು ತಿಂಡಿಯನ್ನೂ ಕಿಸೆಯಲ್ಲಿ ಹಾಡುವ ಯಂತ್ರವನ್ನೂ ತಂದರೆ ಯಾವ ಅಧಿಸೂಚನೆ ತಾನೇ ತಡೆದೀತು?

ಕನ್ನಡನಾಡಿನ ಶ್ರಾವಕನಿಗೆ ಇಷ್ಟು ದೂರ ಹೋಗಲಾಗದಿದ್ದರೆ ಶ್ರವಣಬೆಳಗೊಳವಿದೆ. ಗೊಮ್ಮಟಸ್ವಾಮಿಯ ವಿಂಧ್ಯಗಿರಿ ಬುಡದ ಬಯಲಿನಿಂದ 470 ಅಡಿ ಎತ್ತರ. ಎದುರಿನ ಚಿಕ್ಕಬೆಟ್ಟ, ಅಂದರೆ ಚಂದ್ರಗಿರಿ, ಬರಿಯ 175 ಅಡಿ. ಮಕ್ಕಳು ಓಡಿಕೊಂಡೇ ಹತ್ತುತ್ತಾರೆ. ಶಾಸನಗಳು ಅದನ್ನು ಕಟವಪ್ರ, ಕಳ್ಬಪ್ಪು ಎಂದು ಕರೆದಿವೆ. ಅಲ್ಲಿನ ಅತ್ಯಂತ ಹಳೆಯ ಶಾಸನವು ಕ್ರಿಸ್ತಶಕ 600ರ ಸುಮಾರಿನದು. ಬಂಡೆಯ ತುಂಬ ಹೆಸರುಗಳಿವೆ, ವೃಷಭಾಚಲದಲ್ಲಿದ್ದಂತೆ. ಆದರೆ ಅವು ಗೆದ್ದುಬಂದವರು ತಾವೇ ಕೊರೆದುಕೊಂಡವಲ್ಲ. ಆಹಾರವನ್ನು ಕ್ರಮಕ್ರಮವಾಗಿ ಬಿಟ್ಟು ಸಮಾಧಿಯನ್ನು ಸಾಧಿಸಿದ ಮುನಿಗಳ, ಆರ್ಯಿಕೆಯರ, ಶ್ರಾವಕ ಶ್ರಾವಿಕೆಯರ ಹೆಸರುಗಳನ್ನು ಉಳಿದವರು ಬರೆಸಿದ್ದು.

ಹಾಗೆಯೇ ಕುಂಥಲಗಿರಿ. ಮಹಾರಾಷ್ಟ್ರದ ಆ ತಗ್ಗುಬೆಟ್ಟವು ಕುಲಭೂಷಣ, ದೇಶಭೂಷಣ ಮುನಿಗಳ ಸಿದ್ಧಕ್ಷೇತ್ರ. ಬೆಳಗಾವಿ ಜಿಲ್ಲೆಯ ಭೋಜ ಗ್ರಾಮದ ಮನೆತನದವರಾದ ಆಚಾರ್ಯ ಶಾಂತಿಸಾಗರ ಮಹಾರಾಜರು ದೇಶದ ಉದ್ದಗಲಕ್ಕೂ ಕಾಲುನಡಿಗೆಯಲ್ಲಿ ವಿಹರಿಸಿ, ಸಮ್ಮೇದಶಿಖರವನ್ನೂ ವಂದಿಸಿದವರು. 1955ರಲ್ಲಿ ಅವರಿಗೆ ಎಂಬತ್ತಮೂರು ವರ್ಷ. ಕಣ್ಣಿನ ದೃಷ್ಟಿ ಕುಂದಿತ್ತು. ಕಾಲಿಡುವ ನೆಲದಲ್ಲಿ ಜೀವವಿದೆಯೋ ಇಲ್ಲವೋ ಕಾಣದ ಮೇಲೆ, ಅಂಗೈಯಲ್ಲಿ ಬಿದ್ದ ಗ್ರಾಸವನ್ನು ಶೋಧಿಸಲಾಗದ ಮೇಲೆ, ಮಹಾವ್ರತದ ಪಾಲನೆ ಆಗದೆಂದು ಅವರು ತೀರ್ಮಾನಿಸಿದರು. ಕಣ್ಣಿಗೆ ಚಿಕಿತ್ಸೆ ಮಾಡಿಸಿಕೊಂಡು ಇನ್ನಷ್ಟು ಕಾಲ ಇರಿ ಎಂದು ಬೇಡಿಕೊಳ್ಳುವ ಭಕ್ತರಿಗೆ ಕೊರತೆಯಿರಲಿಲ್ಲ. ಅವರು ಕುಂಥಲಗಿರಿಯಲ್ಲಿ ಸಲ್ಲೇಖನವನ್ನು ಸ್ವೀಕರಿಸಿದರು. ಹಿಮಾಲಯದಲ್ಲಿ ಆ ಇಬ್ಬರು ಆರೋಹಿಗಳು ತುದಿಯ ಕೆಳಗೆ ನಿಂತು ಹಿಂದಿರುಗಿದ್ದು ಅದೇ ವರ್ಷದ ಮೇ ತಿಂಗಳಲ್ಲಿ. ಇಲ್ಲಿ ಸೆಪ್ಟೆಂಬರ್ 18ರ ಬೆಳಿಗ್ಗೆ, ಮೂವತ್ತಾರನೆಯ ದಿನ, ಮಹಾರಾಜರ ಸಮಾಧಿಯಾಯಿತು.